ಕೆಲಸ ಯಾರದು, ಪಿಎಫ್ ಹೊಣೆ ಯಾರದು?

1952ರಲ್ಲಿ ಭವಿಷ್ಯ ನಿಧಿ (ಪಿಎಫ್) ಕಾಯ್ದೆ ಬಂದಾಗ ಅದು ಅನ್ವಯಿಸಿದ್ದು ಸಿಮೆಂಟು, ಸಿಗರೇಟು, ಜವಳಿ ಮೊದಲಾದ ಆರು ಉದ್ಯಮಗಳಿಗಷ್ಟೇ. ಗುತ್ತಿಗೆದಾರನ ಮೂಲಕ ಬಂದು ದುಡಿಯುವವನೂ ಕಾಯ್ದೆಯ ವ್ಯಾಖ್ಯೆಯಲ್ಲಿ ನೌಕರನೇ. ಆದರೆ ಅವನ ಪಿಎಫ್ ಕಟ್ಟಬೇಕಾದವರು ಯಾರು, ಕಾರ್ಖಾನೆಯ ಮಾಲೀಕರೋ ಆಳುಗಳನ್ನು ಕರೆತಂದ ಗುತ್ತಿಗೆದಾರನೋ? ಈ ಜಗಳ ಬಹುಬೇಗ ಸುಪ್ರೀಂ ಕೋರ್ಟ್ ಮೆಟ್ಟಿಲೇರಿತು.

1962ರ ಒರಿಸ್ಸಾ ಸಿಮೆಂಟ್ ಪ್ರಕರಣದಲ್ಲಿ ಮಾಲೀಕರ ವಾದಕ್ಕೆ ಹುರುಳಿತ್ತು. ಕಾರ್ಮಿಕನಿಗೆ ಕೂಲಿ ಕೊಡುವವನು ಗುತ್ತಿಗೆದಾರ; ಕಾರ್ಮಿಕನ ಪಾಲಿನ ವಂತಿಗೆಯನ್ನು ಕೂಲಿಯಲ್ಲಿ ಮುರಿದುಕೊಳ್ಳುವ ದಾರಿಯೇ ಇಲ್ಲದ ಮಾಲೀಕ ಅದನ್ನು ಕೈಯಿಂದ ಕಟ್ಟಬೇಕೇಕೆ? ನ್ಯಾಯಾಲಯ ಇದನ್ನು ಒಪ್ಪಿತು. ಮರುವರ್ಷವೇ ಸಂಸತ್ತು 8ಎ ಕಲಮನ್ನು ಸೇರಿಸಿ ಆ ಸಂದನ್ನು ಮುಚ್ಚಿತು: ಮೂಲ ಮಾಲೀಕ ಎರಡೂ ಪಾಲು ಕಟ್ಟಲಿ, ಆಮೇಲೆ ಗುತ್ತಿಗೆದಾರನ ಬಿಲ್ಲಿನಲ್ಲಿ ಹಿಡಿದುಕೊಳ್ಳಲಿ. ಹೊಣೆಯ ಪ್ರಶ್ನೆ ನನ್ನ ಪ್ರಕಾರ ಆಗಿನ ಮಟ್ಟಿಗೆ ಅಲ್ಲಿಗೇ ತೀರ್ಮಾನವಾಗಿತ್ತು. ಮುಂದಿನ ಮುಖ್ಯ ವ್ಯಾಜ್ಯ ‘ಯಾರು ನೌಕರ’ ಎಂಬುದರ ಸುತ್ತ.

ಅದಕ್ಕೆ ದೊಡ್ಡ ಉತ್ತರ ಬಂದದ್ದು ಬೀಡಿಯಿಂದ. ಕರಾವಳಿಯ ಮನೆ ಜಗಲಿಯಲ್ಲಿ ಕೂತು ಬೀಡಿ ಕಟ್ಟುವ ಹೆಂಗಸರಿಗೆ ಎಲೆ, ಹೊಗೆಸೊಪ್ಪು ಸಿಗುತ್ತಿದ್ದುದು ಬ್ರಾಂಚಿನ ಗುತ್ತಿಗೆದಾರನಿಂದ. ಕಂಪನಿಯ ಗೇಟನ್ನು ಅವರು ನೋಡಿದ್ದೇ ಇಲ್ಲ. ದೇಶದ ಬೇರೆಡೆಯೂ ಬಹುಪಾಲು ಇದೇ ಪದ್ಧತಿ. ಮನೆಯಲ್ಲಿ ದುಡಿಯುವವರ ಮೇಲೆ ತಮಗೆ ನಿಯಂತ್ರಣವೇ ಇಲ್ಲವೆಂದು ತಯಾರಕರು ವಾದಿಸಿದರು. ಕಟ್ಟಿದ ಬೀಡಿ ಸರಿಯಿಲ್ಲವೆಂದು ತಿರಸ್ಕರಿಸುವ ಹಕ್ಕು ನಿಮಗಿದೆಯಲ್ಲ, ಅದೇ ನಿಯಂತ್ರಣ ಎಂದಿತು 1985ರ ಪಿ.ಎಂ. ಪಟೇಲ್ ತೀರ್ಪು. ‘ಚಾಟು ಬೀಳುವ’, ಅಂದರೆ ತಿರಸ್ಕೃತವಾಗುವ, ಬೀಡಿಗಾಗಿ ಕೂಲಿ ಕಳೆದುಕೊಂಡವರಿಗೆ ಅದೇ ಚಾಟು ಪಿಎಫ್ ಹಕ್ಕಿನ ಸಾಕ್ಷಿಯಾಯಿತು. 2019ರ ಗೋದಾವರಿ ಗಾರ್ಮೆಂಟ್ಸ್ ಪ್ರಕರಣದಲ್ಲಿ, ಸ್ವಂತ ಹೊಲಿಗೆ ಯಂತ್ರದಲ್ಲಿ ಮನೆಯಲ್ಲೇ ಬಟ್ಟೆ ಹೊಲಿದ ಮಹಿಳೆಯರಿಗೂ ಇದೇ ತರ್ಕ ನೆರವಾಯಿತು.

ಹಕ್ಕು ಸಿಕ್ಕರೂ ಹಣ ಸಿಗಬೇಕಲ್ಲ. ಆಹಾರ ನಿಗಮದ ಗೋದಾಮುಗಳಲ್ಲಿ ಮೂಟೆ ಹೊತ್ತ ಗುತ್ತಿಗೆ ಹಮಾಲರ ಬಾಕಿಯ ಬಗ್ಗೆ 1989ರಲ್ಲಿ ಸುಪ್ರೀಂ ಕೋರ್ಟ್, ಪಿಎಫ್ ಕಮಿಷನರ್ ಗುತ್ತಿಗೆದಾರರನ್ನೂ ಕರೆಸಿ ದಾಖಲೆ ತರಿಸಿಕೊಂಡು, ಕಾರ್ಮಿಕರನ್ನು ಗುರುತಿಸಿದ ಮೇಲೆಯೇ ಮೊತ್ತ ನಿರ್ಧರಿಸಬೇಕು ಎಂದಿತು. ಹೆಸರೇ ಗೊತ್ತಿಲ್ಲದವರ ಹಣ ಯಾರ ಖಾತೆಗೂ ಸೇರದು, ನಿಜ. ಆದರೆ 2008ರ ಹಿಮಾಚಲ ಅರಣ್ಯ ನಿಗಮದ ತೀರ್ಪು ಇನ್ನೂ ಒಂದು ಹೆಜ್ಜೆ ಮುಂದೆ ಹೋಯಿತು: ದಾಖಲೆ ಸಿಗದಿದ್ದರೆ ನಿಗಮ ಅದಕ್ಕೆ ಸಮಜಾಯಿಷಿ ಕೊಡಬೇಕಿಲ್ಲ, ಅದರಿಂದ ನಿಗಮಕ್ಕೆ ಪ್ರತಿಕೂಲವಾಗಿ ಏನನ್ನೂ ಊಹಿಸುವಂತಿಲ್ಲ. ಹಾಜರಿ ಪುಸ್ತಕ ಇಟ್ಟುಕೊಳ್ಳುವುದು ಕಾರ್ಮಿಕನ ಕೈಯಲ್ಲಿಲ್ಲ. ಅದು ಕಳೆದುಹೋದರೆ ನಷ್ಟ ಮಾತ್ರ ಅವನದು. ಇದು ಕಠಿಣವೆನ್ನದೆ ವಿಧಿಯಿಲ್ಲ.

ಸೆಕ್ಯೂರಿಟಿ ಏಜೆನ್ಸಿ, ಹೌಸ್‌ಕೀಪಿಂಗ್ ಕಂಪನಿಗಳು ಬೆಳೆದು, ಗುತ್ತಿಗೆದಾರರೇ ಪಿಎಫ್ ಕೋಡ್ ನಂಬರ್ ಪಡೆಯತೊಡಗಿದಾಗ ಗಾಳಿ ಬದಲಾಯಿತು. ಸ್ವಂತ ಕೋಡ್ ಇರುವ ಗುತ್ತಿಗೆದಾರ ತಾನೇ ಸ್ವತಂತ್ರ ಮಾಲೀಕ ಎಂದು 2015ರಲ್ಲಿ ಬ್ರೇಕ್ಸ್ ಇಂಡಿಯಾ ಪ್ರಕರಣದಲ್ಲಿ ಮದ್ರಾಸ್ ಹೈಕೋರ್ಟ್ ಹೇಳಿತು. ಗುತ್ತಿಗೆದಾರ ಪಿಎಫ್ ಕಟ್ಟಿದ ಚಲನ್ ಪ್ರತಿ ನೋಡಿಯೇ ಅವನ ಬಿಲ್ ಪಾಸು ಮಾಡುವ ರೂಢಿ ಅನೇಕ ಕಚೇರಿಗಳಲ್ಲಿದೆ. ಚಲನ್‌ನಲ್ಲಿರುವ ಹೆಸರುಗಳಿಗೂ ಗೇಟಿನಲ್ಲಿ ನಿಂತಿರುವ ಮುಖಗಳಿಗೂ ತಾಳೆ ನೋಡುವವರು ಕಡಿಮೆ.

2020ರ ಸಾಮಾಜಿಕ ಭದ್ರತಾ ಸಂಹಿತೆಯೂ ಗುತ್ತಿಗೆದಾರನಿಂದ ವಸೂಲು ಮಾಡಿಕೊಳ್ಳುವ ಹಳೆಯ ಏರ್ಪಾಡನ್ನು ಉಳಿಸಿಕೊಂಡಿದೆ. ಬಾಕಿಯ ವಿಚಾರಣೆಗೆ ಐದು ವರ್ಷದ ಗಡುವು ಮಾತ್ರ ಹೊಸದು. ತಡವಾಗಿ ಎಚ್ಚೆತ್ತ ಕಾರ್ಮಿಕನಿಗೆ ಇದು ದುಬಾರಿಯಾದೀತು.

ಕರ್ನಾಟಕ 2025ರಲ್ಲಿ ಗಿಗ್ ಕಾರ್ಮಿಕರಿಗಾಗಿ ತಂದ ಕಾಯ್ದೆ ಮಾಲೀಕ ಯಾರೆಂಬ ತಕರಾರಿಗೇ ಇಳಿಯದೆ, ಕಾರ್ಮಿಕನಿಗೆ ಕೊಡುವ ಹಣದ ಮೇಲೆ ಶೇ. 1ರಿಂದ 5ರವರೆಗಿನ ಕಲ್ಯಾಣ ಶುಲ್ಕವನ್ನು ವೇದಿಕೆ ಕಂಪನಿಗಳ ಮೇಲೆ ಹಾಕಿದೆ. ಪ್ರತಿ ಡೆಲಿವರಿಯ ಲೆಕ್ಕವೂ ಆ್ಯಪ್‌ನಲ್ಲೇ ಇರುವುದರಿಂದ ಹೆಸರು ಹುಡುಕುವ ಪಾಡು ಅಲ್ಲಿಲ್ಲ. ಆದರೆ ಆ ಹಣ ಸೇರುವುದು ಕಲ್ಯಾಣ ನಿಧಿಗೆ. ಪಿಎಫ್‌ನಂತೆ ಕಾರ್ಮಿಕನ ಹೆಸರಿನಲ್ಲಿ ಬಡ್ಡಿಯೊಂದಿಗೆ ಬೆಳೆಯುವ ಸ್ವಂತ ಖಾತೆ ಅದಲ್ಲ.