ಗುಟ್ಟಿನ ಒಲವು: ಶೋಲೆ ಬೆಟ್ಟದಿಂದ ಕಣ್ವ ತೀರದವರೆಗೆ



ರೈಲಿನಲ್ಲಿ ಮೈಸೂರಿಗೆ ಹೋಗುವಾಗ ರಾಮನಗರದ ಬಂಡೆಗಳು ಕಂಡೊಡನೆ ಯಾರಾದರೊಬ್ಬರು ‘ಶೋಲೆ’ಯ ಹೆಸರೆತ್ತುತ್ತಾರೆ. ಗಬ್ಬರ್‌ಸಿಂಗನ ಅಬ್ಬರ ಎಲ್ಲರಿಗೂ ನೆನಪಿದೆ. ಆದರೆ ಅದೇ ಚಿತ್ರದಲ್ಲಿ ಮಾತೇ ಇಲ್ಲದ ಒಂದು ಪ್ರೇಮಕಥೆಯೂ ಇದೆ.

1973ರ ಅಕ್ಟೋಬರಿನಲ್ಲಿ ರಮೇಶ್ ಸಿಪ್ಪಿ ಇಲ್ಲಿ ಚಿತ್ರೀಕರಣ ಆರಂಭಿಸಿದರು. 1975ರ ಆಗಸ್ಟ್ 15ರಂದು ಚಿತ್ರ ತೆರೆಕಂಡಿತು. ಅದರಲ್ಲಿ ವಿಧವೆ ರಾಧಾ ಮನೆಯ ಮಹಡಿಯಲ್ಲಿ ದೀಪಗಳನ್ನು ಒಂದೊಂದಾಗಿ ಆರಿಸುತ್ತಾಳೆ. ಕೆಳಗೆ ಕುಳಿತ ಜಯ್ ಮೌತ್ ಆರ್ಗನ್ ನುಡಿಸುತ್ತಾನೆ. ಒಂದು ನೋಟ, ಅಷ್ಟೇ. ಸೂರ್ಯ ಮುಳುಗಿದ ಮೇಲೆ ಉಳಿಯುವ ಕೆಲವೇ ನಿಮಿಷಗಳ ಬೆಳಕಿಗಾಗಿ ಛಾಯಾಗ್ರಾಹಕ ದ್ವಾರಕಾ ದಿವೇಚಾ ಮತ್ತು ತಂಡದವರು ಹಲವು ದಿನ ಕಾದು ಈ ದೃಶ್ಯವನ್ನು ಸೆರೆಹಿಡಿದರು.

ಇಷ್ಟು ಚಿಕ್ಕ ನೋಟ ಇಷ್ಟು ಕಾಲ ಉಳಿದದ್ದೇಕೆ? ಬಾಯಿಬಿಟ್ಟು ಹೇಳದ್ದನ್ನು ನಾವೇ ಊಹಿಸಿಕೊಳ್ಳುತ್ತೇವೆ. ಊರಿಗೆಲ್ಲ ತಿಳಿಯದ್ದು ಇಬ್ಬರಿಗೆ ಮಾತ್ರ ತಿಳಿದಿದೆ ಎಂಬುದರಲ್ಲೇ ಒಂದು ಸೊಗಸಿದೆ. ಪ್ರಾಚೀನ ತಮಿಳು ಕವಿಗಳು ಮದುವೆಗೆ ಮುಂಚಿನ ಗುಟ್ಟಿನ ಪ್ರೇಮವನ್ನು ‘ಕಳವು’ ಎಂದೇ ಕರೆದರು. ಕಳವು ಎಂದರೆ ಏನೆಂದು ಕನ್ನಡಿಗರಿಗೆ ಬಿಡಿಸಿ ಹೇಳಬೇಕಾಗಿಲ್ಲ.

ಆದರೆ ಈ ಸೊಗಸಿಗೆ ಬೆಲೆ ತೆತ್ತವರು ಯಾರು? ಚನ್ನಪಟ್ಟಣದತ್ತ ಬನ್ನಿ. ಅಲ್ಲಿ ಕಣ್ವ ನದಿಗೆ 1946ರಲ್ಲಿ ಕಟ್ಟಿದ ಜಲಾಶಯವಿದೆ. ಹೆಸರು ಕೇಳಿದೊಡನೆ ಕಣ್ವ ಮಹರ್ಷಿ, ಅವರ ಸಾಕುಮಗಳು ಶಕುಂತಲೆ ನೆನಪಾಗುತ್ತಾರೆ. ಕಾಳಿದಾಸನ ಕಣ್ವಾಶ್ರಮ ಇರುವುದು ದೂರದ ಮಾಲಿನೀ ತೀರದಲ್ಲಿ. ಆದರೂ ಕಥೆ ನಮ್ಮದೇ ಆಗಿದೆ. ಮೈಸೂರು ಅರಮನೆಯ ಬಸವಪ್ಪ ಶಾಸ್ತ್ರಿಗಳು ಅದನ್ನು ಕನ್ನಡಕ್ಕೆ ತಂದು ‘ಅಭಿನವ ಕಾಳಿದಾಸ’ರೆನಿಸಿದರು. ಕಣ್ವರಿಲ್ಲದ ವೇಳೆಯಲ್ಲಿ ದುಷ್ಯಂತ ಶಕುಂತಲೆಯರ ಗಾಂಧರ್ವ ವಿವಾಹ ನಡೆಯಿತು. ಕಾಳಿದಾಸನಲ್ಲಿ ಶಾಪದಿಂದ ರಾಜನಿಗೆ ಮರೆವು. ಮಹಾಭಾರತದಲ್ಲಾದರೋ ರಾಜನಿಗೆ ಎಲ್ಲವೂ ನೆನಪಿದೆ. ಜನ ನಂಬಲಾರರೆಂದು ತುಂಬಿದ ಸಭೆಯಲ್ಲಿ ಅವಳನ್ನು ಅಲ್ಲಗಳೆಯುತ್ತಾನೆ. ಕೊನೆಗೆ ಅಶರೀರವಾಣಿಯೇ ಸಾಕ್ಷಿ ಹೇಳಬೇಕಾಯಿತು. ಗುಟ್ಟು ಇಬ್ಬರದು, ಅದರ ಭಾರ ಮಾತ್ರ ಒಬ್ಬಳದು!

ಮಾಗಡಿ, ಕನಕಪುರಗಳ ರಾಗಿ ಸೀಮೆಯಲ್ಲೂ ಹೆಣ್ಣುಮಕ್ಕಳು ಎದುರಿಗೆ ಆಡಲಾಗದ ಮಾತನ್ನು ನಸುಕಿನಲ್ಲಿ ಬೀಸುವ ಕಲ್ಲಿನ ಮುಂದೆ ಹಾಡಿಕೊಂಡರು. ಎಚ್. ಎಲ್. ನಾಗೇಗೌಡರು ರಾಮನಗರದ ಬಳಿ ಕಟ್ಟಿದ ಜಾನಪದ ಲೋಕಕ್ಕೆ ಹೋದರೆ ಅಂಥ ಕಲ್ಲುಗಳನ್ನು ನೋಡಿ. ಅವು ಎಷ್ಟು ಗುಟ್ಟು ಕೇಳಿರಬಹುದೋ!

ಈಗ ರಾಧಾಳ ದೀಪಕ್ಕೆ ಮರಳೋಣ. ಬ್ರಿಟಿಷ್ ಭಾರತದಲ್ಲಿ ವಿಧವಾ ವಿವಾಹಕ್ಕೆ 1856ರಲ್ಲೇ ಕಾನೂನಿನ ಮನ್ನಣೆ ದೊರೆತಿತ್ತು. ಅದಾಗಿ ನೂರು ವರ್ಷ ಕಳೆದರೂ ತೆರೆಯ ಮೇಲಿನ ವಿಧವೆ ಬಾಯಿಬಿಡಲಿಲ್ಲ. ಹಿರಿಯರು ಮರುಮದುವೆಗೆ ಒಪ್ಪುತ್ತಾರೆ. ಅಷ್ಟರಲ್ಲಿ ಜಯ್ ಸಾಯುತ್ತಾನೆ. ಅವಳು ಕಿಟಕಿ ಮುಚ್ಚುತ್ತಾಳೆ. ನಮಗೆ ಮಧುರವಾಗಿ ಕಂಡ ಆ ಮೌನ ಅವಳು ಆರಿಸಿಕೊಂಡದ್ದಲ್ಲ.

ವಯಸ್ಕರಿಬ್ಬರು ಮನಸಾರೆ ಒಪ್ಪಿ ಮದುವೆಯಾಗಲು ಕುಟುಂಬದ, ಕುಲದ ಅಪ್ಪಣೆ ಬೇಕಿಲ್ಲವೆಂದು ಸರ್ವೋಚ್ಚ ನ್ಯಾಯಾಲಯ 2018ರಲ್ಲಿ ಹೇಳಿದೆ. ಆದುದರಿಂದ ಮಿತ್ರರೇ, ಗುಟ್ಟಿನ ಪ್ರೇಮದ ಕಥೆ ಓದುವಾಗ ಸವಿಯಿರಿ, ತಪ್ಪೇನಿಲ್ಲ. ಜೊತೆಗೇ ಒಂದು ಪ್ರಶ್ನೆಯನ್ನೂ ಕೇಳಿಕೊಳ್ಳಿ: ಇವರು ಮರೆಯಲ್ಲಿ ನಿಂತದ್ದು ಇಷ್ಟಪಟ್ಟೋ, ಹೆದರಿಯೋ?