ದರೋಜಿಯ ಈರಮ್ಮನವರೂ ಬುರ್ರಕಥೆಯ ಪರಂಪರೆಯೂ

ಗ್ರಂಥಗಳಲ್ಲಿ ಬರೆದಿಟ್ಟುದೇ ಇತಿಹಾಸವೆಂದು ಬಗೆಯುವುದು ವಿದ್ಯಾವಂತರ ವಾಡಿಕೆ. ಆದರೆ ಅಕ್ಷರದ ಹಂಗಿಲ್ಲದೆ ತಂದೆಯ ಬಾಯಿಂದ ಮಕ್ಕಳ ಕಿವಿಗೆ ಇಳಿದುಬಂದ ವಿದ್ಯೆಯೂ ನಾಡಿನ ಚರಿತ್ರೆಯನ್ನು ಕಾಪಾಡಿರುವುದುಂಟು. ಬಳ್ಳಾರಿ ಜಿಲ್ಲೆಯ ಸಂಡೂರು ತಾಲ್ಲೂಕಿನ ದರೋಜಿಯಲ್ಲಿ ಬಾಳಿದ ಬುರ್ರಕಥೆ ಈರಮ್ಮನವರ ಜೀವನವು ಇದಕ್ಕೆ ಉತ್ತಮ ನಿದರ್ಶನವಾಗಿದೆ.

ಈರಮ್ಮನವರು ಬುಡ್ಗಜಂಗಮರ ಕುಲದಲ್ಲಿ ಹುಟ್ಟಿದವರು. ಈ ಜನರ ಮನೆಮಾತು ತೆಲುಗು. ಊರೂರು ತಿರುಗಿ ಕಥೆ ಹಾಡಿ, ಕೇಳಿದವರು ನೀಡಿದ ಕಾಳುಕಡ್ಡಿಗಳಿಂದ ಹೊಟ್ಟೆ ಹೊರೆಯುವುದು ಅವರ ಹಿಂದಿನ ವೃತ್ತಿ. ತೆಲುಗಿನಲ್ಲಿ ‘ಬುರ್ರ’ವೆಂದರೆ ಬುರುಡೆ, ತಂಬೂರಿಯ ಬುರುಡೆಯಿಂದಲೇ ಕಥೆಗೆ ಆ ಹೆಸರು ಬಂದಿತೆಂದು ಹೇಳುವರು. ಮುಖ್ಯ ಕಥೆಗಾರರು ತಂಬೂರಿಯನ್ನು ಮೀಟುತ್ತ ಕಥೆಯನ್ನು ನಡೆಸಿದರೆ, ಇಕ್ಕೆಲದ ಸಂಗಡಿಗರು ಚರ್ಮವಾದ್ಯವನ್ನು ಬಾರಿಸುತ್ತ ಪಲ್ಲವಿಯನ್ನು ಎತ್ತಿಕೊಳ್ಳುವರು. ಹಾಡಿನ ನಡುವೆ ಮಾತು, ಮಾತಿನ ಬೆನ್ನಿಗೆ ಹಾಡು, ಹೀಗೆ ಕಥೆಯು ರಾತ್ರಿಗಟ್ಟಲೆ ಸಾಗುವುದು. ಈರಮ್ಮನವರ ಮೇಳದಲ್ಲಿ ಮನೆಯ ಹೆಂಗಸರೇ ಸಂಗಡಿಗರಾಗಿದ್ದರು.

ಅವರಿಗೆ ಈ ವಿದ್ಯೆಯನ್ನು ಧಾರೆಯೆರೆದವರು ತಂದೆ ಲಾಲಪ್ಪನವರು. ಓದುಬರಹವನ್ನು ಅರಿಯದ ಆ ಮಗಳು ಕೇಳಿ ಕೇಳಿಯೇ ಹನ್ನೆರಡು ದೀರ್ಘ ಕಾವ್ಯಗಳನ್ನು ಕಂಠಸ್ಥ ಮಾಡಿಕೊಂಡರು. ಅವುಗಳನ್ನು ಅಚ್ಚು ಮಾಡಿಸಿದರೆ ಸುಮಾರು 7000 ಪುಟಗಳಾಗುವುವೆಂದು ಎಣಿಸಲಾಗಿದೆ. ಒಬ್ಬರ ನೆನಪಿನಲ್ಲಿ ಇಷ್ಟು ದೊಡ್ಡ ಭಂಡಾರವು ನೆಲೆಗೊಂಡಿದ್ದುದು ಆಶ್ಚರ್ಯದ ಸಂಗತಿಯೇ ಸರಿ.

ಆ ಕಾವ್ಯಗಳಲ್ಲಿ ಕುಮಾರರಾಮನ ಕಥೆಯೂ ಒಂದು. ಕಂಪಿಲರಾಯನ ಮಗನಾದ ಈ ವೀರನು ಮಲತಾಯಿ ರತ್ನಾಜಿಯ ಮೋಹಕ್ಕೆ ಮಣಿಯದೆ ನಿಂತವನೆಂದು ಕಥೆಯು ಸಾರುತ್ತದೆ. ದೆಹಲಿಯ ಮಹಮ್ಮದ್ ಬಿನ್ ತುಘಲಕನ ಸೈನ್ಯದಿಂದ 1327ರ ಸುಮಾರಿಗೆ ಕಂಪಿಲಿ ರಾಜ್ಯವು ಅಳಿಯಿತು. ದರೋಜಿಗೆ ಕಂಪ್ಲಿಯು ದೂರವಲ್ಲ. ಅರಸರ ಕೋಟೆಗಳು ಹಾಳಾದ ಮೇಲೆ ಆರು ಶತಮಾನಗಳಿಗೂ ಮಿಗಿಲಾಗಿ, ಅಂಗೈಯಗಲ ಹೊಲವಿಲ್ಲದ ಅಲೆಮಾರಿಗಳೂ ಅವರ ಹೆಸರನ್ನು ಅದೇ ನೆಲದಲ್ಲಿ ಉಳಿಸಿಕೊಂಡು ಬಂದರೆಂಬುದನ್ನು ವಾಚಕರು ಗಮನಿಸಬೇಕು.

ಮುಂದೆ ವಿದ್ವಾಂಸರ ದೃಷ್ಟಿ ಇತ್ತ ಹರಿಯಿತು. ಅವರು ಹಾಡಿದ ಕೆಲವು ಕಾವ್ಯಗಳು ಬರಹಕ್ಕಿಳಿದು ಅಚ್ಚಾದುವು. ಹಂಪಿಯ ಕನ್ನಡ ವಿಶ್ವವಿದ್ಯಾಲಯವು ನಾಡೋಜ ಪದವಿಯನ್ನಿತ್ತು ಅವರನ್ನು ಗೌರವಿಸಿತು. ಈರಮ್ಮನವರು 2014ನೆಯ ಆಗಸ್ಟ್ 12ರಂದು ಕಾಲವಾದರು.

ಅಚ್ಚಾದ ಕಾವ್ಯವು ಪದಗಳನ್ನು ಉಳಿಸಿಕೊಡುವುದು ನಿಜ. ಆದರೆ ಎಲ್ಲಿ ದನಿಯೇರಬೇಕು, ಎಲ್ಲಿ ವಾದ್ಯ ನಿಂತು ಮಾತಿಗೆ ಎಡೆಗೊಡಬೇಕು, ಕೇಳುವವರ ಕಣ್ಣು ತುಂಬಿದಾಗ ಸಾಲನ್ನು ಹೇಗೆ ಬೆಳೆಸಬೇಕು ಎಂಬುದನ್ನು ಪುಸ್ತಕವು ಹೇಳಿಕೊಡಲಾರದು. ಅದನ್ನು ತಂದೆಯ ಮಗ್ಗುಲಲ್ಲಿ ಕುಳಿತ ಮಗಳು ಮಾತ್ರ ಕಲಿಯಬಲ್ಲಳು. ಹಾಡುವ ಮನೆಯ ಮಕ್ಕಳು ಶಾಲೆಗೆ ಹೋಗುವುದು ಸಂತೋಷದ ವಿಷಯವೇ. ಹಸಿವಿನಲ್ಲಿಯೇ ವಿದ್ಯೆ ಉಳಿಯಲಿ ಎಂದು ಬಯಸುವುದು ನ್ಯಾಯವಲ್ಲ. ಶಾಲೆಯ ಓದಿನ ಜೊತೆಗೆ ಮನೆಯ ಹಾಡಿಗೂ ಮಾನವೂ ಅನ್ನವೂ ದೊರೆಯುವಂತೆ ಮಾಡುವುದು ನಾಡಿನ ಸಹೃದಯರ ಕರ್ತವ್ಯವಾಗಿದೆ.