ವಾರ್ತಾಚಿತ್ರ ಮತ್ತು ವಿದೇಶಿ ಮೋಟಾರು ಕಂಪನಿಗಳು

ಸ್ವತಂತ್ರ ಭಾರತದ ಕೈಗಾರಿಕಾ ಕನಸನ್ನು ಪರದೆಗೆ ತಂದದ್ದು 1948ರಲ್ಲಿ ಮುಂಬಯಿಯಲ್ಲಿ ಆರಂಭವಾದ ಸರ್ಕಾರಿ ಚಿತ್ರ ಸಂಸ್ಥೆ ಫಿಲ್ಮ್ಸ್ ಡಿವಿಷನ್. ಮುಖ್ಯ ಚಿತ್ರದೊಂದಿಗೆ ಸರ್ಕಾರ ಸೂಚಿಸಿದ ವಾರ್ತಾಚಿತ್ರ, ಸಾಕ್ಷ್ಯಚಿತ್ರ ತೋರಿಸುವುದು ಚಿತ್ರಮಂದಿರಗಳ ಪರವಾನಗಿ ಷರತ್ತಾಗಿತ್ತು. 1956ರ ನವೆಂಬರ್ 1ರವರೆಗೆ ಮುಂಬಯಿ ರಾಜ್ಯದಲ್ಲಿದ್ದ ಬೆಳಗಾವಿ, ಖಾನಾಪುರಗಳಿಗೂ ಈ ನಿಯಮ ಅನ್ವಯಿಸುತ್ತಿತ್ತು. ಈ ಚಿತ್ರಗಳ ವಿವರಣೆ ಮುಂದೆ ಕನ್ನಡದಲ್ಲೂ ಬಂತು.

ಪರದೆಯ ಮೇಲೆ ಈ ಕೈಗಾರಿಕಾ ಕನಸು ಓಡುತ್ತಿದ್ದ ಹೊತ್ತಿಗೆ, ಹೊರಗೆ ಮೋಟಾರು ಲೋಕವೇ ಬದಲಾಗುತ್ತಿತ್ತು.

ಜನರಲ್ ಮೋಟಾರ್ಸ್ 1928ರಿಂದ ಮುಂಬಯಿಯಲ್ಲಿ ಬಿಡಿಭಾಗ ಜೋಡಿಸಿ ಷೆವ್ರೊಲೆ ಮಾರುತ್ತಿತ್ತು. ಫೋರ್ಡ್ ಕೂಡ ಇಲ್ಲಿ ನೆಲೆಯೂರಿತ್ತು. ಬರೀ ಜೋಡಣೆ ಸಾಲದು, ತಯಾರಿಕೆ ಇಲ್ಲೇ ಆಗಬೇಕು ಎಂಬ ನಿಲುವನ್ನು 1953ರಲ್ಲಿ ಸುಂಕ ಆಯೋಗ ಗಟ್ಟಿಗೊಳಿಸಿತು. ಎರಡೂ ಕಂಪನಿಗಳು ಕದ ಮುಚ್ಚಿದವು. ವಿದೇಶಿ ವಿನ್ಯಾಸ ಮಾತ್ರ ಉಳಿಯಿತು: ವಾಲ್‌ಚಂದ್ ಹೀರಾಚಂದರ ಪ್ರೀಮಿಯರ್ ಕಂಪನಿ ಫಿಯೆಟ್ ಕಾರನ್ನೂ, ಹಿಂದೂಸ್ತಾನ್ ಮೋಟಾರ್ಸ್ ಮಾರಿಸ್ ಆಕ್ಸ್‌ಫರ್ಡ್ ಆಧರಿಸಿದ ಅಂಬಾಸಿಡರನ್ನೂ ತಯಾರಿಸಿದವು.

ಇವೇ ಕಾರುಗಳು ಪುಣೆ–ಬೆಂಗಳೂರು ಹೆದ್ದಾರಿಯ ಬೆಳಗಾವಿಯಲ್ಲೂ ದಶಕಗಳ ಕಾಲ ಓಡಿದವು. ಇಂದು ಬೆಳಗಾವಿಯ ಉದ್ಯಮಬಾಗದ ಎರಕಶಾಲೆಗಳು ವಾಹನೋದ್ಯಮಕ್ಕೆ ಬಿಡಿಭಾಗ ಒದಗಿಸುತ್ತವೆ.

ಇತ್ತ, ಆ ಕನಸನ್ನು ಪರದೆಗೆ ತಂದ ಫಿಲ್ಮ್ಸ್ ಡಿವಿಷನ್ ಅನ್ನು ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದೊಂದಿಗೆ ವಿಲೀನಗೊಳಿಸುವ ಆದೇಶ 2022ರಲ್ಲಿ ಹೊರಬಿತ್ತು.